ಟೋಗೋ ದೇಶವೂ ಅದರ ಗಡಿಗಳೂ
(ಉಪನ್ಯಾಸದ ಪಾಠ)



ಇಂದು ನಾನು ನಿಮ್ಮ ಮುಂದೆ ಹೇಳಬೇಕೆಂದಿರುವದು ಟೋಗೋ ಎಂಬ ದೇಶದ ಸಂಗತಿಯನ್ನು. ಆಫ್ರಿಕಾ ಖಂಡದ ಪಶ್ಚಿಮಕ್ಕೆ, ಗಿನಿ ಕೊಲ್ಲಿಯ ದಂಡೆಯ ಮೇಲೆ, ಪಡುವಲಿಗೆ ಘಾನಾ ಮೂಡಲಿಗೆ ಬೆನಿನ್ ಇವೆರಡರ ನಡುವೆ ಇಕ್ಕಟ್ಟಾಗಿ ಸೇರಿಕೊಂಡಿರುವ ಈ ಸಣ್ಣ ದೇಶದ ಹೆಸರನ್ನು ನಮ್ಮಲ್ಲಿ ಕೇಳಿದವರೇ ವಿರಳ. ಅಷ್ಟು ದೂರದ ನಾಡಿನ ಸುದ್ದಿಯಿಂದ ಕನ್ನಡಿಗರಿಗೇನು ಪ್ರಯೋಜನವೆಂದು ಯಾರಾದರೂ ಕೇಳಬಹುದು. ಒಂದೇ ನುಡಿಯನ್ನಾಡುವ ಜನವು ಮೂರು ಆಡಳಿತಗಳಲ್ಲಿ ಹರಿದು ಹಂಚಿಹೋಗಿ, ತಾವು ಒಂದಾಗಬೇಕೆಂದು ಪತ್ರಿಕೆ ಹೊರಡಿಸಿ, ಪರಿಷತ್ತು ಕೂಡಿಸಿ, ಜಗತ್ತಿನ ನ್ಯಾಯಪೀಠದ ಮುಂದೆ ಹೋಗಿ ಮೊರೆಯಿಟ್ಟ ಕಥೆಯು ಅಲ್ಲಿ ನಡೆದಿದೆ. ನಮ್ಮ ಕರ್ನಾಟಕವು ಒಂದಾದ 1956ನೆಯ ಇಸವಿಯಲ್ಲಿಯೇ ಆ ಜನರ ಪ್ರಶ್ನೆಯೂ ತೀರ್ಮಾನವಾಯಿತು. ಆದರೆ ನಮಗೆ ಬಂದ ತೀರ್ಪು ಒಂದು ಬಗೆ, ಅವರಿಗೆ ಬಂದ ತೀರ್ಪು ಮತ್ತೊಂದು ಬಗೆ. ಹೀಗೇಕಾಯಿತೆಂಬದನ್ನು ಅರಿಯಬೇಕಾದರೆ ಮೊದಲು ಆ ದೇಶವನ್ನು, ಬಳಿಕ ಅದರ ಜನವನ್ನು, ಕೊನೆಗೆ ಅದರ ಗಡಿಗಳನ್ನು ನೋಡಬೇಕು.

ಟೋಗೋದ ಆಕಾರವೇ ವಿಚಿತ್ರವಾದದ್ದು. ಅದರ ಸಮುದ್ರತೀರವು ಕೇವಲ 56 ಕಿಲೋಮೀಟರು; ಆ ತೀರದಿಂದ ಉತ್ತರಕ್ಕೆ ಬುರ್ಕೀನಾ ಫಾಸೋ ದೇಶದ ಗಡಿಯನ್ನು ಮುಟ್ಟಬೇಕಾದರೆ ಸುಮಾರು 550 ಕಿಲೋಮೀಟರು ಸಾಗಬೇಕು. ನಕಾಶೆಯಲ್ಲಿ ಅದು ಉದ್ದವಾಗಿ ಸೀಳಿದ ಬಟ್ಟೆಯ ಪಟ್ಟಿಯಂತೆ ಕಾಣುವದು. ಕ್ಷೇತ್ರಫಲವು ಸುಮಾರು 56,800 ಚದರ ಕಿಲೋಮೀಟರು; ಅಂದರೆ ಕರ್ನಾಟಕದ ಮೂರನೆಯ ಒಂದು ಪಾಲಿಗಿಂತ ತುಸು ಕಡಿಮೆ. 2022ನೆಯ ಇಸವಿಯ ಖಾನೇಸುಮಾರಿಯಲ್ಲಿ ಜನಸಂಖ್ಯೆಯು ಸುಮಾರು 81 ಲಕ್ಷವಾಗಿತ್ತು.

ದಕ್ಷಿಣದಲ್ಲಿ ಮರಳಿನ ದಂಡೆ; ಅದರ ಹಿಂದೆ ತೆಂಗಿನ ತೋಪುಗಳೂ ಹಿನ್ನೀರುಗಳೂ ಟೋಗೋ ಎಂಬ ಸರೋವರವೂ ಇವೆ. ಆ ಸರೋವರದ ದಡದ ಹಳ್ಳಿಯಿಂದಲೇ ಇಡಿಯ ದೇಶಕ್ಕೆ ಹೆಸರು ಬಂದಿತು. ಅಲ್ಲಿಯ ಎವೇ ಭಾಷೆಯಲ್ಲಿ ಆ ಶಬ್ದಕ್ಕೆ ‘ನೀರಿನ ದಂಡೆ’ ಎಂದು ಅರ್ಥ ಹೇಳುವರು. ಇನ್ನೂ ಒಳಕ್ಕೆ ಹೋದರೆ ಕೆಂಪು ಮಣ್ಣಿನ ಬಯಲು. ಆಮೇಲೆ ನೈಋತ್ಯದಿಂದ ಈಶಾನ್ಯಕ್ಕೆ ದೇಶವನ್ನು ಓರೆಯಾಗಿ ಕತ್ತರಿಸಿ ಹೋಗುವ ಗುಡ್ಡಗಳ ಸಾಲು. ಈ ಭಾಗದಲ್ಲಿರುವ ಆಗೂ ಶಿಖರವು 986 ಮೀಟರು ಎತ್ತರವಿದ್ದು ದೇಶದಲ್ಲೆಲ್ಲ ಅದೇ ಹಿರಿದು. ಗುಡ್ಡಗಳ ಆಚೆಗೆ ಓಟೀ ನದಿಯ ಬಯಲು, ಹುಲ್ಲುಗಾವಲು, ಅಲ್ಲಲ್ಲಿ ಬಿಡಿ ಮರಗಳು. ದಕ್ಷಿಣಕ್ಕೆ ವರ್ಷದಲ್ಲಿ ಎರಡು ಮಳೆಗಾಲ, ಉತ್ತರಕ್ಕೆ ಒಂದೇ. ಚಳಿಗಾಲದಲ್ಲಿ ಸಹಾರಾ ಮರುಭೂಮಿಯಿಂದ ಹರ್ಮತ್ತಾನ್ ಎಂಬ ಒಣಗಾಳಿಯು ಧೂಳು ಹೊತ್ತು ಬೀಸುವದು.

ಈ ನಾಡಿನ ಒಕ್ಕಲಿಗನು ಗೋವಿನಜೋಳ, ಮರಗೆಣಸು, ದೊಡ್ಡ ಜಾತಿಯ ಗೆಣಸುಗಳನ್ನೂ ಉತ್ತರದಲ್ಲಿ ಜೋಳ ಸಜ್ಜೆಗಳನ್ನೂ ಬೆಳೆಯುತ್ತಾನೆ. ಬೇಯಿಸಿದ ಗೆಣಸನ್ನು ಒರಳಿಗೆ ಹಾಕಿ ಒನಕೆಯಿಂದ ಕುಟ್ಟಿ ಮುದ್ದೆ ಮಾಡಿ, ಸಾರಿನಲ್ಲಿ ಅದ್ದಿ ಉಣ್ಣುವರು. ಅದಕ್ಕೆ ಫುಫು ಎಂದು ಹೆಸರು. ಮುದ್ದೆಯುಣ್ಣುವ ನಮ್ಮ ಸೀಮೆಯವರಿಗೆ ಅದು ಹೊಸತೆನಿಸದು. ಮಾರಾಟದ ಬೆಳೆಗಳೆಂದರೆ ಹತ್ತಿ, ಕಾಫಿ, ಕೋಕೋ. ನೆಲದೊಳಗಿನ ಸಂಪತ್ತೆಂದರೆ ಗೊಬ್ಬರಕ್ಕೆ ಬೇಕಾಗುವ ಫಾಸ್ಫೇಟು; 1952ರಲ್ಲಿ ಅದರ ನಿಕ್ಷೇಪವು ಸಿಕ್ಕಿತು, 1974ರಲ್ಲಿ ಸರಕಾರವು ಗಣಿಗಳನ್ನು ತನ್ನ ವಶಕ್ಕೆ ತೆಗೆದುಕೊಂಡಿತು.

ಜನರ ವಿಷಯಕ್ಕೆ ಬರೋಣ. ದಕ್ಷಿಣದಲ್ಲಿ ಎವೇ ಜನರೂ ಅವರಿಗೆ ಹತ್ತಿರದ ನುಡಿಯನ್ನಾಡುವ ಮೀನಾ ಜನರೂ ಇದ್ದಾರೆ. ಉತ್ತರದ ಕಲ್ಲುಗುಡ್ಡಗಳಲ್ಲಿ ಕಾಬಿಯೆ ಎಂಬ ಜನರು ಇಳಿಜಾರಿನಲ್ಲಿ ಕಲ್ಲೊಡ್ಡು ಕಟ್ಟಿ, ಮೆಟ್ಟಿಲು ಮೆಟ್ಟಿಲಾಗಿ ಹೊಲ ಮಾಡಿ ಬೆಳೆ ತೆಗೆಯುತ್ತಾರೆ. ಇನ್ನೂ ಆಚೆಗೆ ಬತಮ್ಮಾರಿಬಾ ಎಂಬವರು ಮಣ್ಣಿನಿಂದ ಕೋಟೆಯಂಥ ಗೋಪುರದ ಮನೆಗಳನ್ನು ಕಟ್ಟುವರು: ಕೆಳಗೆ ದನಕರು, ಮೇಲೆ ಮಾಳಿಗೆಯಲ್ಲಿ ಕಣಜ ಮತ್ತು ಮಲಗುವ ಕೋಣೆ. ಕೂತಮ್ಮಾಕು ಎಂಬ ಅವರ ಸೀಮೆಯನ್ನು 2004ರಲ್ಲಿ ಜಗತ್ತಿನ ಪಾರಂಪರಿಕ ಸ್ಥಾನಗಳ ಪಟ್ಟಿಗೆ ಸೇರಿಸಲಾಯಿತು. ಹೀಗೆ ಹತ್ತಾರು ನುಡಿಗಳ ಜನರು ಈ ಸಣ್ಣ ಪಟ್ಟಿಯಲ್ಲಿ ಬಾಳುತ್ತಾರೆ. ರಾಜಭಾಷೆಯು ಮಾತ್ರ ಇಂದಿಗೂ ಫ್ರೆಂಚು. 1975ರ ಶಿಕ್ಷಣ ಸುಧಾರಣೆಯಲ್ಲಿ ಎವೇ, ಕಾಬಿಯೆ ಇವೆರಡನ್ನು ರಾಷ್ಟ್ರೀಯ ಭಾಷೆಗಳೆಂದು ಆರಿಸಿದರೂ ಪಾಠಶಾಲೆಯಲ್ಲಿಯೂ ಕಚೇರಿಯಲ್ಲಿಯೂ ಫ್ರೆಂಚಿನ ಯಜಮಾನಿಕೆ ತಪ್ಪಲಿಲ್ಲ.

ಎವೇ ಜನರ ಬಗ್ಗೆ ಒಂದು ಮಾತನ್ನು ಹೆಚ್ಚಾಗಿ ಹೇಳಬೇಕು. ಅವರೆಲ್ಲರೂ ತಮ್ಮ ಮೂಲಸ್ಥಾನವೆಂದು ನೆನೆಯುವ ಊರು ನೋಟ್ಸೆ. ಅಲ್ಲಿ ಅಗೋಕೊಲಿ ಎಂಬ ಅರಸನು ಪ್ರಜೆಗಳನ್ನು ಪೀಡಿಸಿ, ಮುಳ್ಳು ಬೆರೆಸಿದ ಕೆಸರನ್ನು ಅವರಿಂದ ತುಳಿಸುತ್ತಿದ್ದನಂತೆ. ಆಗ ಹೆಂಗಸರು ಊರಗೋಡೆಯ ಒಂದೇ ಜಾಗಕ್ಕೆ ದಿನಾಲು ಬಳಸಿದ ನೀರನ್ನು ಎರಚಿ ಎರಚಿ ಮಣ್ಣನ್ನು ಮೆತ್ತಗೆ ಮಾಡಿದರು. ಒಂದು ರಾತ್ರಿ ಗಂಡಸರು ಅದನ್ನು ಒಡೆದರು. ಹೆಜ್ಜೆಯ ಗುರುತು ಊರ ಕಡೆಗೇ ಬಂದಂತೆ ಕಾಣಲೆಂದು ಜನರೆಲ್ಲ ಹಿಮ್ಮುಖವಾಗಿ ನಡೆದು ಪಾರಾದರು. ಹೀಗೆಂದು ಅವರ ಹಿರಿಯರು ಹೇಳುವರು. ಈ ವಲಸೆಯ ನೆನಪಿಗಾಗಿ ಆನ್ಲೋಗಾ ಎಂಬಲ್ಲಿ 1962ರಿಂದ ವರ್ಷವರ್ಷವೂ ದೊಡ್ಡ ಉತ್ಸವ ನಡೆಯುವದು. ನೋಟ್ಸೆ ಇರುವದು ಟೋಗೋದಲ್ಲಿ, ಆನ್ಲೋಗಾ ಇರುವದು ಘಾನಾದಲ್ಲಿ. ಕಥೆ ಒಂದು ದೇಶದ್ದು, ಉತ್ಸವ ಮತ್ತೊಂದು ದೇಶದ್ದು. ಜನ ಮಾತ್ರ ಒಂದೇ!

ಈ ನುಡಿಗೆ ಬರಹವು ಬಂದದ್ದು ಜರ್ಮನ್ ಮಿಶನರಿಗಳಿಂದ. ಬ್ರೇಮನ್ ಮಿಶನ್ನಿನವರು 1847ರಲ್ಲಿ ಎವೇ ನಾಡಿಗೆ ಬಂದರು. ಶ್ಲೇಗೆಲ್ ಎಂಬವನು 1857ರಲ್ಲಿ ಆ ಭಾಷೆಯ ವ್ಯಾಕರಣವನ್ನೂ, ವೆಸ್ಟರ್ಮನ್ನನು 1905ರಲ್ಲಿ ಅದರ ಕೋಶವನ್ನೂ ಪ್ರಕಟಿಸಿದರು. ಮಂಗಳೂರಿನಲ್ಲಿ 1894ರಲ್ಲಿ ಅಚ್ಚಾದ ಕಿಟ್ಟೆಲರ ಕೋಶವನ್ನು ನೆನೆಯುವ ಕನ್ನಡಿಗರಿಗೆ ಇಂಥ ದುಡಿಮೆಯ ಬೆಲೆ ತಿಳಿದೇ ಇದೆ. ಬೇರೆ ಬೇರೆ ಒಳನುಡಿಗಳನ್ನಾಡುತ್ತಿದ್ದ ಊರೂರಿನವರಿಗೆ ‘ನಾವೆಲ್ಲ ಒಂದು’ ಎಂಬ ಅರಿವು ಬಲಿಯುವದಕ್ಕೆ ಒಂದೇ ಬರಹದ ಭಾಷೆಯು ಬಹಳ ಸಹಾಯವಾಯಿತು.

ಇನ್ನು ಗಡಿಗಳ ಕಥೆ. ಈ ಕರಾವಳಿಯನ್ನು ಐರೋಪ್ಯರು ಹಿಂದೆ ‘ಗುಲಾಮರ ಕರಾವಳಿ’ ಎಂದೇ ಕರೆಯುತ್ತಿದ್ದರು. ಮನುಷ್ಯರನ್ನು ಕೊಳ್ಳುವ ವ್ಯಾಪಾರವು ನಿಂತ ಮೇಲೆ ತಾಳೆಎಣ್ಣೆಯ ವ್ಯಾಪಾರ ಬಂದಿತು. ವ್ಯಾಪಾರದ ಹಿಂದೆಯೇ ಧ್ವಜವೂ ಬಂದಿತು. 1884ನೆಯ ಇಸವಿ ಜುಲೈ 5ನೆಯ ತಾರೀಖು ಜರ್ಮನ್ ಪ್ರತಿನಿಧಿಯಾದ ಗುಸ್ತಾವ್ ನಾಖ್ಟಿಗಾಲನು ಸರೋವರತೀರದ ಅರಸನಾದ ಮ್ಲಾಪನ ಕಡೆಯವರೊಡನೆ ಒಂದು ಒಡಂಬಡಿಕೆ ಮಾಡಿಕೊಂಡನು. ಒಂದು ಹಳ್ಳಿಯ ಅರಸನ ಸಹಿಯಿಂದ ಆರಂಭವಾದದ್ದು ಹದಿನೈದು ವರ್ಷಗಳೊಳಗೆ ಉತ್ತರದ ಹುಲ್ಲುಗಾವಲಿನವರೆಗೆ ಬೆಳೆಯಿತು. ಜರ್ಮನರೂ ಇಂಗ್ಲಿಷರೂ ಫ್ರೆಂಚರೂ ನಕಾಶೆಯ ಮೇಲೆ ಗೆರೆ ಎಳೆದುಕೊಂಡರು. ಕೇಟಾ, ಆನ್ಲೋ ಸೀಮೆಗಳ ಎವೇ ಜನರು ಇಂಗ್ಲಿಷರ ಗೋಲ್ಡ್ ಕೋಸ್ಟಿಗೆ ಹೋದರು. ಉಳಿದವರಲ್ಲಿ ಬಹುಭಾಗ ಜರ್ಮನರಿಗೆ. ಉತ್ತರದಲ್ಲಿ ದಗೊಂಬಾ ಎಂಬ ಹಳೆಯ ರಾಜ್ಯವನ್ನು 1899ರಲ್ಲಿ ಸೀಳಿದಾಗ ಅದರ ಅರಸನ ಗದ್ದುಗೆಯಿದ್ದ ಯೆಂಡಿ ಪಟ್ಟಣವು ಜರ್ಮನರ ಪಾಲಿಗೂ ರಾಜ್ಯದ ಮಿಕ್ಕ ಭಾಗವು ಇಂಗ್ಲಿಷರ ಪಾಲಿಗೂ ಬಂದವು. ಈ ದಗೊಂಬಾ ಜನರನ್ನು ದಯಮಾಡಿ ನೆನಪಿನಲ್ಲಿಡಬೇಕು. ಮುಂದೆ ಅವರ ಮಾತು ಬರುವದು.

ಜರ್ಮನರು ಟೋಗೋವನ್ನು ‘ಮಾದರಿ ವಸಾಹತು’ ಎಂದು ಹೊಗಳಿಕೊಳ್ಳುತ್ತಿದ್ದರು. 1905ರಲ್ಲಿ ಲೋಮೆಯಿಂದ ಆನೇಹೋಕ್ಕೂ 1907ರಲ್ಲಿ ಕ್ಪಾಲಿಮೆಗೂ ಅವರು ರೇಲ್ವೆ ಹಾಕಿದರು. 1901ರಲ್ಲಿ ಅಮೇರಿಕೆಯ ಟಸ್ಕೀಗೀ ವಿದ್ಯಾಲಯದಿಂದ ಆಫ್ರಿಕೀ ಮೂಲದ ಪದವೀಧರರನ್ನು ಕರೆಯಿಸಿ ಹತ್ತಿಯ ಬೇಸಾಯವನ್ನು ಹೆಚ್ಚಿಸಿದರು. ಇಂಗ್ಲೆಂಡಿನ ಗಿರಣಿಗಳಿಗಾಗಿ ಧಾರವಾಡದ ಎರೆಹೊಲಗಳಿಗೆ ಅಮೇರಿಕೆಯ ಹತ್ತಿಬೀಜ ಬಂದ ಸಂಗತಿಯನ್ನು ಬಲ್ಲವರಿಗೆ ಇದರ ಮರ್ಮವನ್ನು ಬಿಡಿಸಿ ಹೇಳಬೇಕಾಗಿಲ್ಲ. ರಸ್ತೆ ರೇಲ್ವೆಗಳು ಆದದ್ದು ಬಿಟ್ಟಿ ದುಡಿತದಿಂದ, ಛಡಿಯೇಟಿನ ಭಯದಿಂದ.

1914ರ ಅಗಸ್ಟ್ ತಿಂಗಳಲ್ಲಿ ಮಹಾಯುದ್ಧವು ಹೊತ್ತಿಕೊಂಡಾಗ ಇಂಗ್ಲಿಷರು ಪಶ್ಚಿಮದಿಂದ, ಫ್ರೆಂಚರು ಪೂರ್ವದಿಂದ ಟೋಗೋದೊಳಗೆ ನುಗ್ಗಿದರು. ಅಗಸ್ಟ್ 26ಕ್ಕೆ ಜರ್ಮನರು ಶರಣಾದರು. ಯುದ್ಧ ಮುಗಿದ ಮೇಲೆ 1919ರಲ್ಲಿ ಗೆದ್ದವರಿಬ್ಬರೂ ಆಸ್ತಿ ಹಂಚಿಕೊಂಡರು: ಪಶ್ಚಿಮದ ಮೂರನೆಯ ಒಂದು ಪಾಲು ಇಂಗ್ಲಿಷರಿಗೆ, ಪೂರ್ವದ ಎರಡು ಪಾಲು ಲೋಮೆ ಪಟ್ಟಣ ಸಹಿತವಾಗಿ ಫ್ರೆಂಚರಿಗೆ. ಉತ್ತರದಲ್ಲಿ ಯೆಂಡಿಯು ಇಂಗ್ಲಿಷರಿಗೆ ಸೇರಿದ್ದರಿಂದ ದಗೊಂಬಾ ಜನರು ಮತ್ತೆ ಒಂದೇ ಆಡಳಿತಕ್ಕೆ ಬಂದರು. ದಕ್ಷಿಣದಲ್ಲಿಯೋ, ಎರಡು ಹೋಳಾಗಿದ್ದ ಎವೇ ಜನವು ಮೂರು ಹೋಳಾಯಿತು: ಗೋಲ್ಡ್ ಕೋಸ್ಟಿನಲ್ಲಿ ಕೇಟಾ, ಇಂಗ್ಲಿಷ್ ಟೋಗೋದಲ್ಲಿ ಹೋ ಮತ್ತು ಕ್ಪಾಂಡು, ಫ್ರೆಂಚ್ ಟೋಗೋದಲ್ಲಿ ಲೋಮೆ, ಕ್ಪಾಲಿಮೆ, ನೋಟ್ಸೆ. ಗಡಿಯ ಗೆರೆಯು ಲೋಮೆ ಪಟ್ಟಣದ ಅಂಚಿನಲ್ಲಿಯೇ ಹಾಯ್ದುಹೋಯಿತು. ಇಂದಿಗೂ ರಾಜಧಾನಿಯ ಪಡುವಣ ಬೀದಿಗಳು ಮುಗಿಯುವಲ್ಲಿಯೇ ಘಾನಾ ದೇಶವು ಆರಂಭವಾಗುವದು.

ಬಂಧುಗಳೇ, ಗಡಿಯೆಂಬದು ನಕಾಶೆಯ ಮೇಲೆ ಬರೇ ಮಸಿಯ ಗೆರೆ. ನೆಲದ ಮೇಲೆ ಅದು ಜಕಾತಿಯ ಕಟ್ಟೆ. ಮನೆ ಈಚೆಗೆ, ಹೊಲ ಆಚೆಗೆ. ಅಕ್ಕನು ಫ್ರೆಂಚು ಕಲಿತರೆ ತಂಗಿಯು ಇಂಗ್ಲಿಷು. ಆಚೆಯ ಹಣ ಈಚೆಗೆ ನಡೆಯದು. ತೆರಿಗೆಯೂ ಕಾಯಿದೆಯೂ ಬೇರೆ ಬೇರೆ. ಫ್ರೆಂಚರ ತೆರಿಗೆಯ ಭಾರವನ್ನು ತಾಳಲಾರದೆ 1933ರ ಜನವರಿಯಲ್ಲಿ ಲೋಮೆಯ ಸಂತೆಯ ಹೆಂಗಸರು ಬೀದಿಗಿಳಿದು ಹೊಸ ತೆರಿಗೆಗಳನ್ನು ಹಿಂದಕ್ಕೆ ತೆಗೆಯಿಸಿದರು. ಎರಡನೆಯ ಮಹಾಯುದ್ಧದಲ್ಲಿ ಫ್ರಾನ್ಸು ಬಿದ್ದುಹೋದಾಗ ಗಡಿಯನ್ನೇ ಮುಚ್ಚಲಾಯಿತು. ಬೀಗರು ಬೀಗರನ್ನು ಕಾಣದಾದರು. ನಮ್ಮ ಕನ್ನಡ ನಾಡು ಮೈಸೂರು, ಮುಂಬಯಿ, ಮದ್ರಾಸು, ಹೈದರಾಬಾದು, ಕೊಡಗು ಎಂದು ಹರಿದಿದ್ದ ಕಾಲವನ್ನು ಓದಿ ತಿಳಿದವರಿಗೆ ಈ ಸಂಕಟದ ಅರ್ಥವಾಗದೆ ಇರದು.

ಆದರೂ ಆ ಜನರು ಕೈಕಟ್ಟಿ ಕೂಡಲಿಲ್ಲ. 1922ರಲ್ಲಿಯೇ ಗಡಿಯ ಎರಡೂ ಮಗ್ಗಲಿನ ಎವೇ ಕ್ರೈಸ್ತರು ತಮ್ಮದು ಒಂದೇ ಸಭೆಯೆಂದು ಸಾರಿದ್ದರು. 1945ರಲ್ಲಿ ಡೇನಿಯಲ್ ಚಾಪ್ಮನ್ ಎಂಬ ಶಿಕ್ಷಕರು ‘ಎವೇ ನ್ಯೂಸ್‌ಲೆಟರ್’ ಎಂಬ ಸಣ್ಣ ಪತ್ರಿಕೆಯನ್ನು ಆರಂಭಿಸಿದರು. ಮರುವರ್ಷವೇ ಅಖಿಲ ಎವೇ ಪರಿಷತ್ತು ಹುಟ್ಟಿತು. ಮೊದಲು ಪತ್ರಿಕೆ, ಬಳಿಕ ಪರಿಷತ್ತು. ಏಕೀಕರಣದ ದಾರಿಯು ಎಲ್ಲ ದೇಶಗಳಲ್ಲಿಯೂ ಇದೇ ಬಗೆಯದೆಂದು ತೋರುವದು. ಸಿಲ್ವಾನಸ್ ಒಲಿಂಪಿಯೋ ಎಂಬ ಮುಂದಾಳುಗಳು 1947ರಲ್ಲಿ ಸಂಯುಕ್ತ ರಾಷ್ಟ್ರಸಂಸ್ಥೆಯ ವಿಶ್ವಸ್ತ ಮಂಡಲದ ಮುಂದೆ ನಿಂತು ತಮ್ಮ ಜನರ ಅಹವಾಲನ್ನು ಹೇಳಿದರು. ಇವರು ಹುಟ್ಟಿದ್ದು ಕ್ಪಾಂಡುವಿನಲ್ಲಿ, ಅಂದರೆ ಇಂದಿನ ಘಾನಾದಲ್ಲಿ. ಮುಂದೆ ಅಧ್ಯಕ್ಷರಾದದ್ದು ಟೋಗೋಕ್ಕೆ!

ಬೇಡಿಕೆಯೇನೋ ನ್ಯಾಯವಾದದ್ದು. ಆದರೆ ಯಾವುದನ್ನು ಒಂದುಮಾಡಬೇಕು ಎಂಬಲ್ಲಿಯೇ ಅಭಿಪ್ರಾಯಗಳು ಒಡೆದವು. ಮೂರೂ ಕಡೆಯ ಎವೇ ಜನರನ್ನು ಕೂಡಿಸಬೇಕೆಂದು ಕೆಲವರು. ಎವೇ ಅಲ್ಲದವರನ್ನೂ ಸೇರಿಸಿ ಹಳೆಯ ಜರ್ಮನ್ ಟೋಗೋವನ್ನೇ ಮತ್ತೆ ಕಟ್ಟಬೇಕೆಂದು ಎಸ್. ಜಿ. ಆಂತೋರ್ ಮೊದಲಾದವರು, ಇಂಗ್ಲಿಷ್ ಟೋಗೋವು ಗೋಲ್ಡ್ ಕೋಸ್ಟಿನೊಡನೆ ಸೇರಿಯೇ ಸ್ವತಂತ್ರವಾಗಬೇಕೆಂದು ಕ್ವಾಮೆ ಎನ್‌ಕ್ರುಮಾರ ಪಕ್ಷದವರು. ಉತ್ತರದ ಜನರಿಗಾದರೋ ಎವೇ ಏಕೀಕರಣವೆಂದರೆ ಎವೇ ಜನರ ದೊರೆತನವೆಂಬ ಅಂಜಿಕೆ. ಆ ಅಂಜಿಕೆಯನ್ನು ಕಳೆಯುವ ಕೆಲಸವು ಸಾಕಷ್ಟು ನಡೆಯಲಿಲ್ಲ. ಹತ್ತು ವರ್ಷಗಳು ಹೀಗೆಯೇ ಸಂದುಹೋದವು.

1956ನೆಯ ಇಸವಿ ಮೇ 9ನೆಯ ತಾರೀಖು ಇಂಗ್ಲಿಷ್ ಟೋಗೋದಲ್ಲಿ ಜನಮತಗಣನೆ ನಡೆಯಿತು. ಪ್ರಶ್ನೆಯನ್ನು ಗಮನಿಸಿರಿ: ಸ್ವತಂತ್ರವಾಗಲಿರುವ ಗೋಲ್ಡ್ ಕೋಸ್ಟಿನೊಡನೆ ಕೂಡುವಿರೋ, ಅಥವಾ ಅದರಿಂದ ಬೇರೆಯಾಗಿ ಸದ್ಯಕ್ಕೆ ವಿಶ್ವಸ್ತ ಆಡಳಿತದಲ್ಲಿಯೇ ಉಳಿಯುವಿರೋ? ‘ಆಚೆಯ ನಮ್ಮವರೊಡನೆ ಕೂಡುವೆವು’ ಎಂದು ಹೇಳುವದಕ್ಕೆ ಆ ಪ್ರಶ್ನೆಯಲ್ಲಿ ಎಡೆಯೇ ಇರಲಿಲ್ಲ. ಕೂಡುವೆವೆಂದವರ ಮತಗಳು 93,095, ಬೇರೆಯಿರುವೆವೆಂದವರವು 67,492. ನೂರಕ್ಕೆ 58ರಷ್ಟು ಬಹುಮತ. ಆದರೆ ಈ ಒಟ್ಟು ಲೆಕ್ಕವನ್ನು ಬಿಡಿಸಿ ನೋಡಿದರೆ ಬೇರೊಂದು ಚಿತ್ರ ಕಾಣುವದು. ಎವೇ ಜನರ ಹೋ ಜಿಲ್ಲೆಯಲ್ಲಿ ಕೂಡುವದಕ್ಕೆ 7,217, ಬೇರೆಯಿರುವದಕ್ಕೆ 18,981. ಕ್ಪಾಂಡುವಿನಲ್ಲಿ 8,581ಕ್ಕೆ ಎದುರಾಗಿ 17,029. ಉತ್ತರದ ದಗೊಂಬಾ ಜಿಲ್ಲೆಯಲ್ಲಿ ಕೂಡುವದಕ್ಕೆ 28,083, ಬೇರೆಯಿರುವದಕ್ಕೆ 6,549 ಮಾತ್ರ. ಯಾಕಂದರೆ ಬೇರೆಯಾಗುವದೆಂದರೆ ದಗೊಂಬಾ ಜನರಿಗೆ ತಮ್ಮ ಅರಸನ ಗದ್ದುಗೆಯನ್ನು ಮತ್ತೊಮ್ಮೆ ತಮ್ಮಿಂದ ಕಡಿದುಕೊಂಡಂತೆ. ಅವರು ತಮ್ಮ ಏಕತೆಗಾಗಿಯೇ ಮತ ಕೊಟ್ಟರು. ಎವೇ ಜನರೂ ತಮ್ಮ ಏಕತೆಗಾಗಿಯೇ ಮತ ಕೊಟ್ಟರು. ಒಂದೇ ಪೆಟ್ಟಿಗೆಯಲ್ಲಿ ಬಿದ್ದ ಆ ಮತಗಳಿಂದ ಒಂದು ಜನವು ಶಾಶ್ವತವಾಗಿ ಕೂಡಿತು, ಮತ್ತೊಂದು ಜನವು ಶಾಶ್ವತವಾಗಿ ಅಗಲಿತು. ತಪ್ಪು ದಗೊಂಬಾದವರದಲ್ಲ, ಎವೇ ಜನರದೂ ಅಲ್ಲ; ಇಬ್ಬರನ್ನೂ ಕೇಳದೆ ಮೊದಲು ಗೆರೆ ಎಳೆದವರದು.

1957ನೆಯ ಇಸವಿ ಮಾರ್ಚ್ 6ಕ್ಕೆ ಗೋಲ್ಡ್ ಕೋಸ್ಟು ಘಾನಾ ಎಂಬ ಹೆಸರಿನಿಂದ ಸ್ವತಂತ್ರವಾಯಿತು. ಇಂಗ್ಲಿಷ್ ಟೋಗೋವು ಅದರಲ್ಲಿ ಲೀನವಾಯಿತು. ಫ್ರೆಂಚ್ ಟೋಗೋದಲ್ಲಿ 1958ರ ಏಪ್ರಿಲ್ 27ರಂದು ರಾಷ್ಟ್ರಸಂಸ್ಥೆಯ ಮೇಲ್ವಿಚಾರಣೆಯಲ್ಲಿ ಚುನಾವಣೆ ನಡೆದು ಒಲಿಂಪಿಯೋರ ಪಕ್ಷವು ಗೆದ್ದಿತು. ಸರಿಯಾಗಿ ಎರಡು ವರ್ಷಗಳ ತರುವಾಯ, 1960ರ ಏಪ್ರಿಲ್ 27ರಂದು, ಟೋಗೋವು ಸ್ವತಂತ್ರವಾಯಿತು. ಎವೇ ಭಾಷೆಯಲ್ಲಿ ಸ್ವಾತಂತ್ರ್ಯಕ್ಕೆ ‘ಅಬ್ಲೋಡೆ’ ಎನ್ನುವರು. ಆ ದಿನ ಲೋಮೆಯ ಬೀದಿಗಳಲ್ಲಿ ಮೊಳಗಿದ ಶಬ್ದವು ಅದೇ.

ಆದರೆ ಸುಖವು ಬಹುಕಾಲ ಉಳಿಯಲಿಲ್ಲ. ಘಾನಾಕ್ಕೂ ಟೋಗೋಕ್ಕೂ ವೈಮನಸ್ಸು ಬೆಳೆದು ಗಡಿಯನ್ನು ಮುಚ್ಚುವ ಪ್ರಸಂಗ ಬಂದಿತು. 1963ರ ಜನವರಿ 13ರಂದು, ಫ್ರೆಂಚ್ ಸೈನ್ಯದಿಂದ ಬಿಡುಗಡೆಯಾಗಿ ಬಂದು ಕೆಲಸ ಸಿಗದಿದ್ದ ಸಿಪಾಯಿಗಳು ದಂಗೆಯೆದ್ದು ಒಲಿಂಪಿಯೋರನ್ನು ಗುಂಡಿಟ್ಟು ಕೊಂದರು. 1967ರಲ್ಲಿ ಕಾಬಿಯೆ ಜನದವನಾದ ಸೇನಾಧಿಕಾರಿ ಏಯಾಡೆಮಾ ಅಧಿಕಾರವನ್ನು ಕಸಿದುಕೊಂಡು 2005ರಲ್ಲಿ ಸಾಯುವವರೆಗೆ 38 ವರ್ಷ ಆಳಿದನು. ಆಮೇಲೆ ಅವನ ಮಗನಾದ ಫೋರ್ ನ್ಯಾಸಿಂಗ್ಬೆಯು ಪಟ್ಟಕ್ಕೆ ಬಂದಾಗ ನಡೆದ ಗಲಭೆಯಲ್ಲಿ ನೂರಾರು ಜನರು ಸತ್ತರು. 2024ರಲ್ಲಿ ರಾಜ್ಯಘಟನೆಯನ್ನೇ ಬದಲಿಸಿ, 2025ರಲ್ಲಿ ಅವನು ಮಂತ್ರಿಪರಿಷತ್ತಿನ ಅಧ್ಯಕ್ಷನೆಂಬ ಹೊಸ ಹೆಸರಿನಿಂದ ಅಧಿಕಾರವನ್ನು ಮುಂದುವರಿಸಿದನು. ದಕ್ಷಿಣ ಉತ್ತರಗಳ ನಡುವಣ ಅಪನಂಬಿಕೆಯು, ಯಾವುದನ್ನು 1956ಕ್ಕೆ ಮೊದಲೇ ಕಳೆಯಬೇಕಾಗಿತ್ತೋ ಅದು, ಈ ಒಂದೇ ಮನೆತನದ ಆಳಿಕೆಗೆ ಊರುಗೋಲಾಯಿತು.

ಹೀಗಿದ್ದರೂ ಆ ಜನರ ಚೇತನವು ಕುಂದಿಲ್ಲ. 1968ರಲ್ಲಿ ತೆರೆದ ಲೋಮೆಯ ಆಳನೀರಿನ ಬಂದರು ಇಂದು ಸಮುದ್ರವಿಲ್ಲದ ಒಳನಾಡಿನ ದೇಶಗಳಿಗೂ ಹೆಬ್ಬಾಗಿಲಾಗಿದೆ. ಅಲ್ಲಿಯ ದೊಡ್ಡ ಸಂತೆಯಲ್ಲಿ ಬಣ್ಣದ ಛಾಪಿನ ಬಟ್ಟೆಗಳನ್ನು ಮಾರಿ ಸಿರಿವಂತರಾದ ಹೆಂಗಸರು ಓಡಾಡುತ್ತಿದ್ದ ಮೋಟಾರುಗಳ ಮೇಲಿಂದ ‘ನಾನಾ ಬೆಂಜ್’ ಎಂದು ಹೆಸರಾದರು. 1994ರಲ್ಲಿ ಫ್ರಾಂಕಿನ ಬೆಲೆಯನ್ನು ಅರ್ಧಕ್ಕಿಳಿಸಿದಾಗ ಅವರ ವ್ಯಾಪಾರ ಕುಸಿಯಿತು, 2013ರ ಜನವರಿಯಲ್ಲಿ ಸಂತೆಯೇ ಬೆಂಕಿಗೆ ತುತ್ತಾಯಿತು. ಆದರೂ ಹೆಂಗಸರು ವ್ಯಾಪಾರ ಬಿಟ್ಟಿಲ್ಲ. 1975ರಲ್ಲಿ ಪಶ್ಚಿಮ ಆಫ್ರಿಕೆಯ ದೇಶಗಳು ಆರ್ಥಿಕ ಸಂಘವನ್ನು ಕಟ್ಟಿಕೊಂಡವು; 1979ರ ಒಪ್ಪಂದದಿಂದ ಒಂದು ದೇಶದವರು ಮತ್ತೊಂದಕ್ಕೆ ಪರವಾನಿಗೆ ಪತ್ರದ ತೊಡಕಿಲ್ಲದೆ ಹೋಗಿಬರುವ ಹಕ್ಕು ದೊರೆಯಿತು. ರಾಜಕಾರಣವು ಕೂಡಿಸದ ಅಕ್ಕತಂಗಿಯರನ್ನು ಹೀಗೆ ಸಂತೆಯೂ ಹಬ್ಬವೂ ಸ್ವಲ್ಪಮಟ್ಟಿಗಾದರೂ ಕೂಡಿಸುತ್ತಿವೆ. ಗಾಯವು ಮಾತ್ರ ಪೂರ್ತಿ ಮಾದಿಲ್ಲ: 2020ರ ಸಪ್ಟೆಂಬರಿನಲ್ಲಿ ಘಾನಾದ ವೋಲ್ಟಾ ಪ್ರಾಂತದಲ್ಲಿ ‘ಪಶ್ಚಿಮ ಟೋಗೋಲೆಂಡ್’ ಎಂಬ ಹೆಸರನ್ನೆತ್ತಿ ಕೆಲವರು ರಸ್ತೆಗಳನ್ನು ತಡೆದರು.

ಸಭಿಕರೇ, ಇದರಿಂದ ನಾವು ತಿಳಿಯತಕ್ಕದ್ದೇನು? ಏಕೀಕರಣದ ಹಂಬಲವೊಂದೇ ಸಾಲದು. ಯಾವ ನಾಡು, ಯಾವ ಎಲ್ಲೆ, ಯಾರೊಡನೆ ಎಂಬದನ್ನು ಜನರು ತಮ್ಮೊಳಗೆ ಮೊದಲೇ ಗಟ್ಟಿಮಾಡಿಕೊಳ್ಳಬೇಕು. ತಾವು ಗಟ್ಟಿಮಾಡಿಕೊಳ್ಳದಿದ್ದರೆ ಪ್ರಶ್ನೆಯನ್ನು ಬೇರೆಯವರು ಬರೆಯುವರು. ಪ್ರಶ್ನೆ ಬರೆದವನ ಕೈಯಲ್ಲಿಯೇ ಉತ್ತರವೂ ಇರುವದು. ಎರಡನೆಯದಾಗಿ, ದೊಡ್ಡ ನುಡಿಯವರು ಒಂದಾಗುವಾಗ ನೆರೆಯ ಸಣ್ಣ ನುಡಿಯವರ ಮನಸ್ಸಿನಲ್ಲಿ ಭಯ ಹುಟ್ಟದಂತೆ ನಡೆದುಕೊಳ್ಳಬೇಕು. ಇಲ್ಲದಿದ್ದರೆ ಆ ಭಯವೇ ಏಕತೆಗೆ ಎದುರಾಗಿ ಮತ ಕೊಡುವದು. ತುಳು, ಕೊಡವ, ಕೊಂಕಣಿ, ಉರ್ದು ನುಡಿಗಳನ್ನು ಮಡಿಲಲ್ಲಿಟ್ಟುಕೊಂಡಿರುವ ಕನ್ನಡ ನಾಡಿಗೆ ಈ ಮಾತು ಇಂದಿಗೂ ಸಲ್ಲತಕ್ಕದ್ದು. ಮೂರನೆಯದಾಗಿ, ಗಡಿಯಾಚೆಗೆ ಉಳಿದವರನ್ನು ಮರೆಯಬಾರದು. 1956ರಲ್ಲಿ ನಮ್ಮ ಕಾಸರಗೋಡು ಆಚೆಗೇ ಉಳಿಯಿತು. ಅಲ್ಲಿಯ ಕನ್ನಡದ ಮಗುವಿಗೆ ಪಾಠಶಾಲೆಯೂ ಪುಸ್ತಕವೂ ಪತ್ರಿಕೆಯೂ ತಪ್ಪದಂತೆ ನೋಡುವ ಹೊಣೆಯನ್ನು ಯಾವ ಗೆರೆಯೂ ನಮ್ಮಿಂದ ಕಳೆಯಲಾರದು.

ಒಡೆದ ಗೋಡೆಯ ನೆನಪನ್ನು ಎವೇ ಜನರು ತಲೆಮಾರುಗಳಿಂದ ಜೀವಂತವಾಗಿಟ್ಟುಕೊಂಡು ಬಂದಿದ್ದಾರೆ. ಆ ಗೋಡೆಯು ಒಂದೇ ಏಟಿಗೆ ಬೀಳಲಿಲ್ಲ. ದಿನಾಲು ಒಂದೇ ಜಾಗಕ್ಕೆ ನೀರೆರಚಿದವರ ತಾಳ್ಮೆಯಿಂದ ಬಿದ್ದಿತು. ನಾಡಿನ ಕೆಲಸ ಮಾಡುವವರೆಲ್ಲರಿಗೂ ಆ ತಾಳ್ಮೆ ಇರಲೆಂದು ಹಾರೈಸಿ ನನ್ನ ಮಾತನ್ನು ಮುಗಿಸುತ್ತೇನೆ.